ಬಾಕಿ ಹಣಕ್ಕೆ ಫೋರ್‌ಟ್ವೆಂಟಿ ಕೇಸು: ಹೈಕೋರ್ಟ್ ರದ್ದು ಮಾಡುತ್ತದಾ?

ಪ್ರಶ್ನೆ: ನಾನು ಪ್ಲೈವುಡ್, ಹಾರ್ಡ್‌ವೇರ್ ಅಂಗಡಿ ನಡೆಸುತ್ತಿದ್ದೆ. ಒಬ್ಬ ಹೋಲ್‌ಸೇಲ್ ವ್ಯಾಪಾರಿಯಿಂದ ಆರು ವರ್ಷ ಸಾಲದ ಮೇಲೆ ಮಾಲು ತರಿಸಿದ್ದೇನೆ. ನನ್ನಿಂದ ಮಾಲು ಕೊಂಡಿದ್ದ ಒಬ್ಬ ಬಿಲ್ಡರ್ ದುಡ್ಡು ಕೊಡದೆ ಕೈಯೆತ್ತಿದ. ಹೋದ ವರ್ಷ ಅಂಗಡಿ ಮುಚ್ಚಬೇಕಾಯಿತು. ಹೋಲ್‌ಸೇಲ್‌ನವರಿಗೆ 14 ಲಕ್ಷ ರೂಪಾಯಿ ಬಾಕಿ ಇದೆ. ಈಗ ಅವರು ವಂಚನೆ, ನಂಬಿಕೆದ್ರೋಹ ಎಂದು ದೂರು ಕೊಟ್ಟು ಎಫ್‌ಐಆರ್ ಆಗಿದೆ. ಹೆಂಡತಿ ಮತ್ತು ತಮ್ಮನ ಹೆಸರನ್ನೂ ಸೇರಿಸಿದ್ದಾರೆ. ಠಾಣೆಯಲ್ಲಿ ‘ಅರ್ಧ ಕಟ್ಟಿಬಿಡಿ, ಇಲ್ಲೇ ಮುಗಿಸೋಣ’ ಅನ್ನುತ್ತಾರೆ. ಗೆಳೆಯರು ‘ಇದು ಸಿವಿಲ್ ವಿಷಯ, ಹೈಕೋರ್ಟಿಗೆ ಹೋದರೆ ಕೇಸು ಬಿದ್ದುಹೋಗುತ್ತೆ’ ಅನ್ನುತ್ತಾರೆ. ನಿಜವೇ? ಬಾಕಿಗೆಂದು ಸಹಿ ಮಾಡಿ ಕೊಟ್ಟ ಒಂದು ಚೆಕ್ ಕೂಡ ಅವರ ಹತ್ತಿರ ಇದೆ.

ಉತ್ತರ: ನಿಮ್ಮ ಗೆಳೆಯರು ಹೇಳಿದ್ದು ಅರ್ಧ ನಿಜ. ಬಾಕಿ ತೀರಿಸಲು ಆಗಲಿಲ್ಲ ಎಂಬುದಷ್ಟೇ ನಮ್ಮ ಕಾನೂನಿನಲ್ಲಿ ಅಪರಾಧವಲ್ಲ. ಅಷ್ಟಕ್ಕೇ ಹೂಡಿದ ಕ್ರಿಮಿನಲ್ ಕೇಸುಗಳನ್ನು ಹೈಕೋರ್ಟುಗಳೂ ಸುಪ್ರೀಂ ಕೋರ್ಟೂ ರದ್ದು ಮಾಡುತ್ತಲೇ ಬಂದಿವೆ. ಆದರೆ ‘ಇದು ಸಿವಿಲ್’ ಎಂದ ಮಾತ್ರಕ್ಕೆ ಯಾವ ಕೇಸೂ ಬೀಳುವುದಿಲ್ಲ. ನಿಮ್ಮ ಪತ್ರದಲ್ಲಿ ಅಂಗಡಿ ಮುಚ್ಚಿದ್ದು ಇದೆ, ಬಾಕಿ ಎಷ್ಟು ಅಂತ ಇದೆ. ಒಂದು ತಾರೀಖು ಮಾತ್ರ ಇಲ್ಲ. ಕೊನೆಯ ಲೋಡು ಯಾವಾಗ ತರಿಸಿದಿರಿ? ಬಿಲ್ಡರ್ ಕೈಕೊಡುವ ಮುಂಚೆಯೋ, ಆಮೇಲೋ? ನಿಮ್ಮ ಕೇಸಿನ ಹಣೆಬರಹ ಬಹುಪಾಲು ಅಲ್ಲಿದೆ. ಯಾಕೆ ಅಂತ ಹೇಳುತ್ತೇನೆ.

ಮೊದಲು ನಂಬಿಕೆದ್ರೋಹದ ಆರೋಪ ನೋಡೋಣ, ಅದು ಸುಲಭ. ಹಿಂದೆ ಐಪಿಸಿಯ 406 ಇತ್ತಲ್ಲ, ಈಗ ಅದು ಭಾರತೀಯ ನ್ಯಾಯ ಸಂಹಿತೆಯ ಸೆಕ್ಷನ್ 316(2). ಈ ಅಪರಾಧ ಆಗಬೇಕಾದರೆ ಒಬ್ಬರು ತಮ್ಮ ಸ್ವತ್ತನ್ನು ಇನ್ನೊಬ್ಬರ ವಶಕ್ಕೆ ನಂಬಿ ಒಪ್ಪಿಸಿರಬೇಕು, ಅದು ಒಪ್ಪಿಸಿದವರದ್ದಾಗಿಯೇ ಉಳಿದಿರಬೇಕು, ಪಡೆದವನು ಅದನ್ನು ನುಂಗಿರಬೇಕು. ಗೋದಾಮಿನಲ್ಲಿ ಇಡಲು ಕೊಟ್ಟ ಮಾಲನ್ನು ಮಾರಿಕೊಂಡರೆ ಅದು ನಂಬಿಕೆದ್ರೋಹ. ನಿಮ್ಮದು ಹಾಗಲ್ಲ. ಬಿಲ್ ಮಾಡಿ ಮಾರಿದ ಪ್ಲೈವುಡ್ ನಿಮ್ಮ ಅಂಗಡಿಗೆ ಇಳಿದ ಮೇಲೆ ನಿಮ್ಮದೇ. ದುಡ್ಡು ಕೊಡುವುದು ಬಾಕಿ ಇದ್ದರೂ ಮಾಲಿನ ಒಡೆತನ ನಿಮಗೆ ಬಂದಾಗಿದೆ. ನಿಮ್ಮದೇ ಸ್ವತ್ತಿನ ಬಗ್ಗೆ ನೀವು ನಂಬಿಕೆದ್ರೋಹ ಮಾಡುವುದು ಹೇಗೆ?

ಸುಪ್ರೀಂ ಕೋರ್ಟ್ ಇದೇ ಮಾತನ್ನು 2024ರ ಆಗಸ್ಟ್‌ನಲ್ಲಿ ದೆಹಲಿ ರೇಸ್ ಕ್ಲಬ್ ಪ್ರಕರಣದಲ್ಲಿ ಬಿಡಿಸಿ ಹೇಳಿದೆ. ಆ ಕ್ಲಬ್ಬಿನ ಕುದುರೆಗಳಿಗೆ ಧಾನ್ಯ, ಓಟ್ಸ್ ಪೂರೈಸುತ್ತಿದ್ದ ವ್ಯಾಪಾರಿಗೆ 9 ಲಕ್ಷಕ್ಕೂ ಜಾಸ್ತಿ ಬಾಕಿ ಉಳಿದಿತ್ತು. ಆತ ಉತ್ತರ ಪ್ರದೇಶದ ಮ್ಯಾಜಿಸ್ಟ್ರೇಟರ ಮುಂದೆ ಖಾಸಗಿ ದೂರು ಹೂಡಿದ. ಮ್ಯಾಜಿಸ್ಟ್ರೇಟರು ನಂಬಿಕೆದ್ರೋಹಕ್ಕೆ ಸಮನ್ಸ್ ಕಳಿಸಿದರು, ಹೈಕೋರ್ಟೂ ಸರಿ ಎಂದಿತು. ಸುಪ್ರೀಂ ಕೋರ್ಟ್ ಅದನ್ನು ರದ್ದು ಮಾಡಿತು. ಮಾರಾಟದಲ್ಲಿ ‘ಒಪ್ಪಿಸುವುದು’ ಎಂಬುದೇ ಇಲ್ಲ, ಬಾಕಿ ಹಣಕ್ಕೆ ಸಿವಿಲ್ ದಾವೆ ಇದೆ ಎಂದಿತು. ಇನ್ನೊಂದು ಮಾತೂ ಹೇಳಿತು: ವಂಚನೆ ಮತ್ತು ನಂಬಿಕೆದ್ರೋಹ ಒಂದೇ ಸಂಗತಿಯ ಮೇಲೆ ಜೊತೆಗೆ ನಿಲ್ಲುವುದಿಲ್ಲ. ವಂಚನೆಯಲ್ಲಿ ಮೋಸ ಮೊದಲ ಗಳಿಗೆಯಿಂದಲೇ ಇರಬೇಕು. ನಂಬಿಕೆದ್ರೋಹದಲ್ಲಿ ಮೊದಲು ಸ್ವತ್ತು ಸರಿಯಾಗಿಯೇ ಕೈಗೆ ಬಂದಿರುತ್ತದೆ, ಮನಸ್ಸು ಆಮೇಲೆ ಕೆಡುತ್ತದೆ. ಎರಡೂ ಒಟ್ಟಿಗೆ ಆಗಲು ಸಾಧ್ಯವಿಲ್ಲ. ಈ ವ್ಯತ್ಯಾಸ ತಿಳಿಯಲು ದೇಶದ ಪೊಲೀಸರಿಗೆ ತರಬೇತಿ ಬೇಕು ಎಂದೂ ನ್ಯಾಯಾಲಯ ಹೇಳಿತು. ನಿಮ್ಮ ಎಫ್‌ಐಆರ್ ನೋಡಿದರೆ ಆ ತರಬೇತಿ ಇನ್ನೂ ಎಲ್ಲಾ ಠಾಣೆಗೂ ಮುಟ್ಟಿಲ್ಲ ಅನ್ನಿಸುತ್ತದೆ.

ಹಾಗಾಗಿ 316ರ ಬಗ್ಗೆ ನಾನು ಜಾಸ್ತಿ ತಲೆ ಕೆಡಿಸಿಕೊಳ್ಳುವುದಿಲ್ಲ. ಕಷ್ಟ ಇರುವುದು ಅದೇ ಸಂಹಿತೆಯ ವಂಚನೆಯ ಸೆಕ್ಷನ್ 318(4)ರಲ್ಲಿ. ಜನ ಇವತ್ತಿಗೂ ಫೋರ್‌ಟ್ವೆಂಟಿ ಅನ್ನುವುದು ಇದನ್ನೇ. ಏಳು ವರ್ಷದವರೆಗೆ ಶಿಕ್ಷೆ ಇದೆ. (2024ರ ಜುಲೈ 1ಕ್ಕಿಂತ ಮುಂಚೆ ನಡೆದ ವ್ಯವಹಾರಕ್ಕೆ ಹಳೆಯ ಐಪಿಸಿಯೇ ಅನ್ವಯ. ನಿಮ್ಮ ಎಫ್‌ಐಆರ್‌ನಲ್ಲಿ ಯಾವ ಕಾಯ್ದೆ ಬರೆದಿದ್ದಾರೆ, ಯಾವ ಅವಧಿ ಬರೆದಿದ್ದಾರೆ ಒಮ್ಮೆ ನೋಡಿ. ಅಲ್ಲೂ ಎಡವಟ್ಟು ಮಾಡಿರುತ್ತಾರೆ.)

ಕೊಟ್ಟ ಮಾತು ತಪ್ಪಿದರೆ ವಂಚನೆ ಆಗುವುದಿಲ್ಲ. ಮಾತು ಕೊಡುವಾಗಲೇ ಅದನ್ನು ಉಳಿಸಿಕೊಳ್ಳುವ ಮನಸ್ಸು ಇರಲಿಲ್ಲ ಅಂತಾಗಬೇಕು. 2000ದಲ್ಲಿ ಹೃದಯ ರಂಜನ್ ವರ್ಮಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದ ಈ ನಿಯಮ ಅಲ್ಲಿಂದ ಇಲ್ಲಿಯವರೆಗೆ ಬದಲಾಗಿಲ್ಲ. ಮನಸ್ಸಿನಲ್ಲಿ ಏನಿತ್ತು ಎಂದು ಯಾರೂ ನೋಡಲಾಗದು. ಆಮೇಲಿನ ನಡವಳಿಕೆಯಿಂದ ಊಹಿಸಬಹುದು. ಆದರೆ ಆಮೇಲೆ ದುಡ್ಡು ಕೊಡಲಿಲ್ಲ ಎಂಬ ಒಂದೇ ಕಾರಣಕ್ಕೆ ಮೊದಲೇ ಮೋಸ ಇತ್ತು ಎಂದು ತೀರ್ಮಾನಿಸುವಂತಿಲ್ಲ.

ಈಗ ನಿಮ್ಮ ಆರು ವರ್ಷದ ವ್ಯವಹಾರ ತೆಗೆದುಕೊಳ್ಳಿ. ಮಾಲು ಬಂತು, ಹಣ ಹೋಯಿತು, ಮತ್ತೆ ಮಾಲು ಬಂತು. ಮೋಸ ಮಾಡಲೆಂದೇ ಬಂದವನು ಆರು ವರ್ಷ ಬಿಲ್ ಕಟ್ಟುತ್ತಾನಾ? ನಿಮ್ಮ ಪರವಾಗಿ ಇದಕ್ಕಿಂತ ದೊಡ್ಡ ಮಾತಿಲ್ಲ. ದೂರುದಾರರೇ ಇಟ್ಟಿರುವ ಲೆಡ್ಜರಿನಲ್ಲಿ ನಿಮ್ಮ ಪಾವತಿಗಳು ಸಾಲುಸಾಲಾಗಿ ಇರುತ್ತವೆ.

ಆದರೆ ಕೊನೆಯ ಲೋಡಿನ ಕಥೆ ಬೇರೆ ಇದ್ದರೆ? ಬಿಲ್ಡರಿನ ಚೆಕ್ ವಾಪಸ್ ಬಂದದ್ದು ಜೂನ್‌ನಲ್ಲಿ ಅಂತ ಇಟ್ಟುಕೊಳ್ಳಿ. ತಿಂಗಳಿಗೆ ಎರಡು ಲಕ್ಷದ ಮಾಲು ತರಿಸುತ್ತಿದ್ದವರು ಜುಲೈನಲ್ಲಿ ಏಳು ಲಕ್ಷದ್ದು ತರಿಸಿದಿರಿ. ‘ಆರ್ಡರ್ ಜೋರಾಗಿದೆ, ಮುಂದಿನ ತಿಂಗಳು ಪೂರ್ತಿ ಕಟ್ಟುತ್ತೇನೆ’ ಎಂದು ವಾಟ್ಸ್ಆ್ಯಪ್ ಮಾಡಿದಿರಿ. ಆ ಮಾಲನ್ನು ಅಸಲಿಗಿಂತ ಕಡಿಮೆಗೆ ಮಾರಿ ಆಗಸ್ಟ್‌ನಲ್ಲಿ ಬಾಗಿಲು ಹಾಕಿದಿರಿ. ಹೀಗೇನಾದರೂ ಆಗಿದ್ದರೆ ಹಿಂದಿನ ಆರು ವರ್ಷದ ಪ್ರಾಮಾಣಿಕತೆ ಆ ಒಂದು ಲೋಡನ್ನು ಕಾಪಾಡುವುದಿಲ್ಲ. ಆ ಒಂದು ಲೋಡಿನ ಮಟ್ಟಿಗೆ ವಂಚನೆಯ ಆರೋಪ ನಿಲ್ಲಬಹುದು, ಕೇಸೂ ನಡೆಯಬಹುದು. ಅದೇ ಕೊನೆಯ ಲೋಡು ಎಂದಿನ ಗಾತ್ರದ್ದೇ ಆಗಿ, ಬಿಲ್ಡರ್ ಕೈಕೊಡುವ ಮುಂಚಿನದ್ದಾಗಿದ್ದರೆ, ನಿಮ್ಮ ಸ್ಥಿತಿ ನಿಜವಾಗಿ ಗಟ್ಟಿ. ಎರಡರಲ್ಲಿ ಯಾವುದು ಎಂಬುದು ನಿಮಗೆ ಮಾತ್ರ ಗೊತ್ತು. ನಿಮ್ಮ ವಕೀಲರಿಗೆ ಮೊದಲ ದಿನವೇ ಗೊತ್ತಾಗಲಿ. ಎದುರು ಪಕ್ಷದವರ ಬಾಯಲ್ಲಿ ಅವರು ಅದನ್ನು ಮೊದಲ ಬಾರಿ ಕೇಳುವಂತಾಗಬಾರದು.

ಈ ಕಾರಣಕ್ಕೇ ನಾನು ‘ಸಿವಿಲ್ ವಿಷಯ’ ಎಂಬ ಮಾತನ್ನು ಅಷ್ಟಾಗಿ ನಂಬುವುದಿಲ್ಲ. 2006ರಲ್ಲಿ ಇಂಡಿಯನ್ ಆಯಿಲ್ ಮತ್ತು ಎನ್‌ಇಪಿಸಿ ಕಂಪನಿ ನಡುವಿನ ತೀರ್ಪು ನೋಡಿ. ಎನ್‌ಇಪಿಸಿಯವರು ವಿಮಾನಗಳನ್ನು ಅಡಮಾನವಾಗಿ ತೋರಿಸಿ ಸಾಲದ ಮೇಲೆ ಇಂಧನ ಪಡೆದಿದ್ದರು, ಆಮೇಲೆ ಆ ವಿಮಾನಗಳ ಎಂಜಿನ್ನುಗಳನ್ನೇ ಬಿಚ್ಚಿಕೊಂಡು ಹೋದರು ಎಂಬುದು ಆರೋಪ. ಸಿವಿಲ್ ವ್ಯಾಜ್ಯಗಳಿಗೆ ಕ್ರಿಮಿನಲ್ ಬಣ್ಣ ಹಚ್ಚಿ ಬೇಗ ವಸೂಲಿ ಮಾಡುವ ಚಾಳಿ ವ್ಯಾಪಾರಿಗಳಲ್ಲಿ ಹೆಚ್ಚುತ್ತಿದೆ, ಇದನ್ನು ತಡೆಯಬೇಕು ಎಂದು ನ್ಯಾಯಾಲಯ ಅಲ್ಲಿ ಗಟ್ಟಿಯಾಗಿ ಹೇಳಿತು. ಆ ಭಾಗವನ್ನು ವಕೀಲರು ಎಲ್ಲಾ ಅರ್ಜಿಯಲ್ಲೂ ಎತ್ತಿ ಬರೆಯುತ್ತಾರೆ. ಆದರೆ ಅದೇ ತೀರ್ಪು ಇನ್ನೊಂದನ್ನೂ ಹೇಳಿದೆ: ಒಂದೇ ವ್ಯವಹಾರದಿಂದ ಸಿವಿಲ್ ಹಕ್ಕೂ ಹುಟ್ಟಬಹುದು, ಅಪರಾಧವೂ ಹುಟ್ಟಬಹುದು; ಸಿವಿಲ್ ದಾರಿ ಇದೆ ಎಂಬ ಕಾರಣಕ್ಕೆ ಕ್ರಿಮಿನಲ್ ಕೇಸು ಬೀಳುವುದಿಲ್ಲ. ಕೊನೆಗೆ ಅಲ್ಲಿ ಆದದ್ದೇನು? ನಂಬಿಕೆದ್ರೋಹದ ಆರೋಪ ಬಿತ್ತು, ವಂಚನೆಯ ಆರೋಪ ಉಳಿಯಿತು. ನಿಮಗೂ ಹೀಗೆ ಅರ್ಧ ಫಲ ಸಿಗುವ ಸಾಧ್ಯತೆ ಇದೆ, ಅದಕ್ಕೆ ತಯಾರಿರಿ.

ಇನ್ನು ಹೈಕೋರ್ಟಿನ ಅಧಿಕಾರ. ಅದು ಹಳೆಯ ಸಿಆರ್‌ಪಿಸಿಯ 482ರಲ್ಲಿತ್ತು. ಈಗ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 528ರಲ್ಲಿದೆ. ಹೊಸ ಸಂಹಿತೆಯಲ್ಲಿ 482 ಅಂದರೆ ನಿರೀಕ್ಷಣಾ ಜಾಮೀನು. ಇವೆರಡನ್ನೂ ಗೊಂದಲ ಮಾಡಿಕೊಂಡು ಮಾತಾಡುವವರು ಇನ್ನೂ ಇದ್ದಾರೆ, ನಿಮಗೆ ಸಲಹೆ ಕೊಡುವವರು ಯಾವ 482ರ ಬಗ್ಗೆ ಹೇಳುತ್ತಿದ್ದಾರೆ ಅಂತ ಕೇಳಿ. ಯಾವಾಗ ರದ್ದು ಮಾಡಬಹುದು ಎಂಬುದಕ್ಕೆ ಇವತ್ತಿಗೂ ಆಧಾರ ಹರಿಯಾಣ ಸರ್ಕಾರ ಮತ್ತು ಭಜನ್‌ಲಾಲ್ ನಡುವಿನ 1990ರ ತೀರ್ಪು. ಅದರಲ್ಲಿ ಏಳು ಸಂದರ್ಭಗಳ ಪಟ್ಟಿ ಇದೆ. ನಿಮಗೆ ಬೇಕಾದದ್ದು ಮೊದಲನೆಯದು: ದೂರಿನಲ್ಲಿ ಬರೆದದ್ದನ್ನೆಲ್ಲ ಅಕ್ಷರಶಃ ನಿಜ ಅಂತಲೇ ಒಪ್ಪಿಕೊಂಡರೂ ಅಪರಾಧ ಕಾಣದಿದ್ದರೆ ಕೇಸು ರದ್ದು.

ಇದರ ಅರ್ಥ, ನ್ಯಾಯಾಧೀಶರು ಮೊದಲು ಓದುವುದು ಅವರ ದೂರನ್ನು. ನಿಮ್ಮ ಕಥೆ ಆಮೇಲೆ. ದೂರನ್ನು ತೆಗೆದು ನಿಧಾನಕ್ಕೆ ಓದಿ. ‘ಮಾಲು ಕೊಟ್ಟೆ, ಕೇಳಿದಾಗಲೆಲ್ಲ ಇವತ್ತು ನಾಳೆ ಅಂದರು, ಈಗ ಫೋನ್ ಎತ್ತುತ್ತಿಲ್ಲ, ಮೋಸ ಮಾಡಿದ್ದಾರೆ’ ಎಂದಷ್ಟೇ ಇದ್ದರೆ, ಮೊದಲೇ ಮೋಸದ ಉದ್ದೇಶ ಇತ್ತು ಎಂದು ತೋರಿಸುವ ಒಂದೂ ಸಂಗತಿ ಅಲ್ಲಿಲ್ಲ. ‘ಮೋಸ’ ಎಂದು ಹತ್ತು ಸಲ ಬರೆದರೂ ಅಷ್ಟೇ. ಬದಲಿಗೆ ‘ಇಂಥ ತಾರೀಖು ಇಂಥ ಸುಳ್ಳು ಹೇಳಿ ಈ ಬಿಲ್ಲಿನ ಮಾಲು ತರಿಸಿದರು’ ಎಂದು ಇದ್ದರೆ, ಅದು ಸುಳ್ಳೇ ಆಗಿದ್ದರೂ, ಹೈಕೋರ್ಟ್ ಸಾಮಾನ್ಯವಾಗಿ ‘ವಿಚಾರಣೆಯಲ್ಲಿ ಸಾಬೀತು ಮಾಡಿಕೊಳ್ಳಿ’ ಎಂದು ಕಳಿಸುತ್ತದೆ. ಸಾಕ್ಷ್ಯ ತೂಗುವುದು ಈ ಹಂತದ ಕೆಲಸವಲ್ಲ. ಎದುರಿನವರು ಅಲ್ಲಗಳೆಯಲಾಗದ ದಾಖಲೆ ಇದ್ದರೆ ಮಾತ್ರ ನ್ಯಾಯಾಲಯ ನೋಡಬಹುದು. ಅವರದೇ ಲೆಡ್ಜರ್, ಬ್ಯಾಂಕ್ ಸ್ಟೇಟ್‌ಮೆಂಟ್, ಯಾವ ತಿಂಗಳು ಎಷ್ಟು ಖರೀದಿ ಎಂದು ತೋರಿಸುವ ಜಿಎಸ್‌ಟಿ ರಿಟರ್ನ್ ಆ ಜಾತಿಯವು. ಬಿಲ್ಡರಿನ ಚೆಕ್ ವಾಪಸ್ ಬಂದಾಗ ಬ್ಯಾಂಕ್ ಕೊಟ್ಟ ಮೆಮೊ ಸಿಕ್ಕರೆ ಅದನ್ನೂ ತೆಗೆದಿಡಿ. ಕೊನೆಯ ಲೋಡಿನ ಪ್ರಶ್ನೆಗೆ ಉತ್ತರ ಅದರ ಮೇಲಿನ ತಾರೀಖಿನಲ್ಲೇ ಇದೆ.

ಹೆಂಡತಿ, ತಮ್ಮನ ವಿಷಯದಲ್ಲಿ ಜಾಸ್ತಿ ಹೇಳುವುದಿಲ್ಲ. ಅಂಗಡಿ ನಿಮ್ಮೊಬ್ಬರ ಹೆಸರಲ್ಲಿದ್ದು, ಅವರು ಆರ್ಡರ್ ಕೊಟ್ಟಿಲ್ಲ, ಯಾವ ಮಾತೂ ಕೊಟ್ಟಿಲ್ಲ ಅಂತಾದರೆ ಅವರ ಮೇಲಿನ ಕೇಸು ನಿಲ್ಲುವುದು ಕಷ್ಟ. ಮನೆಯವರ ಹೆಸರು ಹಾಕುವುದೇ ಒತ್ತಡ ತರಲು, ನ್ಯಾಯಾಧೀಶರಿಗೂ ಅದು ಗೊತ್ತು. ಅವರಿಗೆ ಪ್ರತ್ಯೇಕ ಅರ್ಜಿ ಹಾಕಿಸಿ. ನಿಮ್ಮದರ ಜೊತೆ ಕಟ್ಟಿದರೆ ನಿಮ್ಮ ಕೊನೆಯ ಲೋಡಿನ ಚರ್ಚೆಯಲ್ಲಿ ಅವರೂ ಸಿಕ್ಕಿಕೊಳ್ಳುತ್ತಾರೆ.

ಠಾಣೆಯ ಪಂಚಾಯಿತಿಗೆ ಬರೋಣ. ‘ಅರ್ಧ ಕಟ್ಟಿ ಮುಗಿಸಿ’ ಎನ್ನಲು ಪೊಲೀಸರಿಗೆ ಅಧಿಕಾರ ಇಲ್ಲ. ಬಾಕಿ ವಸೂಲಿ ಅವರ ಕೆಲಸವಲ್ಲ. 2025ರ ಏಪ್ರಿಲ್‌ನಲ್ಲಿ ಉತ್ತರ ಪ್ರದೇಶದ ಒಂದು ಗೋದಾಮು ಮಾರಾಟದ ಜಗಳಕ್ಕೆ ಎಫ್‌ಐಆರ್ ಹಾಕಿದ್ದಕ್ಕಾಗಿ ಸುಪ್ರೀಂ ಕೋರ್ಟ್ ಆ ರಾಜ್ಯಕ್ಕೆ 50,000 ರೂಪಾಯಿ ದಂಡ ಹಾಕಿತು. ಅದೇ ವರ್ಷ ಆಗಸ್ಟ್‌ನಲ್ಲಿ ನೂಲು ಮಾರಿದ ವ್ಯಾಪಾರಿಯೊಬ್ಬರ ಬಾಕಿಯ ಪ್ರಕರಣ ಬಂತು. ಸಿವಿಲ್ ದಾವೆ ತುಂಬಾ ವರ್ಷ ಹಿಡಿಯುತ್ತದೆ, ಆದ್ದರಿಂದ ಕ್ರಿಮಿನಲ್ ಕೇಸು ನಡೆಯಲಿ ಎಂಬ ಅರ್ಥದಲ್ಲಿ ಅಲಹಾಬಾದ್ ಹೈಕೋರ್ಟ್ ಆದೇಶ ಬರೆದಿತ್ತು. ಸುಪ್ರೀಂ ಕೋರ್ಟ್ ಅದನ್ನು ತೀಕ್ಷ್ಣವಾಗಿ ಖಂಡಿಸಿ ತಳ್ಳಿಹಾಕಿತು. ನಿಜ ಹೇಳಬೇಕೆಂದರೆ ಆ ಹೈಕೋರ್ಟ್ ಬರೆದದ್ದು ಎಷ್ಟೋ ವ್ಯಾಪಾರಿಗಳ ಮನಸ್ಸಿನ ಮಾತೇ. ದಾವೆ ಹೂಡಿದವನು ವರ್ಷಗಟ್ಟಲೆ ಕಾಯುತ್ತಾನೆ, ಠಾಣೆಗೆ ಹೋದವನಿಗೆ ವಾರದಲ್ಲಿ ಚೌಕಾಸಿ ಶುರುವಾಗುತ್ತದೆ. ನಿಮ್ಮ ದೂರುದಾರರು ಕೆಟ್ಟವರೇ ಆಗಿರಬೇಕಿಲ್ಲ. ಆದರೆ ಅವರ ಅವಸರಕ್ಕೆ ನೀವು ಜೈಲಿನ ಹೆದರಿಕೆಯಲ್ಲಿ ಬೆಲೆ ಕಟ್ಟಬೇಕಾಗಿಲ್ಲ.

ಇಂಥ ವ್ಯಾಪಾರದ ಜಗಳಗಳಲ್ಲಿ ಎಫ್‌ಐಆರ್‌ಗೆ ಮುಂಚೆ ಪ್ರಾಥಮಿಕ ವಿಚಾರಣೆ ಮಾಡಬಹುದು ಎಂದು 2013ರ ಲಲಿತಾ ಕುಮಾರಿ ತೀರ್ಪು ಹೇಳಿದೆ. ನಿಮ್ಮ ವಿಷಯದಲ್ಲಿ ಅದು ದಾಟಿಹೋಗಿದೆ. ಈಗ ಬೇಕಾದದ್ದು ನಾಗರಿಕ ಸುರಕ್ಷಾ ಸಂಹಿತೆಯ ಸೆಕ್ಷನ್ 35(3)ರ ನೋಟಿಸ್. ಏಳು ವರ್ಷದವರೆಗಿನ ಶಿಕ್ಷೆಯ ಅಪರಾಧಗಳಲ್ಲಿ ಬಂಧನ ತಾನಾಗಿ ಆಗುವಂಥದ್ದಲ್ಲ. ನೋಟಿಸ್ ಕೊಟ್ಟು ಕರೆಸಬೇಕು, ನೀವು ಹೋಗಿ ಸಹಕರಿಸುತ್ತಿದ್ದರೆ, ಕಾರಣ ಬರೆದಿಡದೆ ಬಂಧಿಸುವಂತಿಲ್ಲ. ಈ ನೋಟಿಸನ್ನು ವಾಟ್ಸ್ಆ್ಯಪ್‌ನಲ್ಲಿ ಕಳಿಸಿದರೆ ಸಾಲದು ಎಂದು ಸುಪ್ರೀಂ ಕೋರ್ಟ್ 2025ರಲ್ಲಿ ಸ್ಪಷ್ಟಪಡಿಸಿದೆ. ಸುಮ್ನೆ ಫೋನ್ ಮಾಡಿ ‘ಬಂದು ಹೋಗಿ’ ಅಂದರೆ, ಲಿಖಿತ ನೋಟಿಸ್ ಕೊಡಿ ಎಂದು ವಿನಯದಿಂದ ಕೇಳಿ. ಕೊಟ್ಟ ಮೇಲೆ ತಪ್ಪದೆ ಹೋಗಿ. ಅಲ್ಲಿ ಯಾವ ಕಾಗದಕ್ಕೂ, ‘ಇಷ್ಟು ದಿನದಲ್ಲಿ ಇಷ್ಟು ಕಟ್ಟುತ್ತೇನೆ’ ಎಂಬ ಮುಚ್ಚಳಿಕೆಗಂತೂ, ವಕೀಲರಿಗೆ ತೋರಿಸದೆ ಸಹಿ ಹಾಕಬೇಡಿ. ಬಂಧನದ ಭಯ ನಿಜವಾಗಿ ಇದ್ದರೆ ಸೆಷನ್ಸ್ ಕೋರ್ಟಿನಲ್ಲಿ ನಿರೀಕ್ಷಣಾ ಜಾಮೀನು ಕೇಳಿ.

ಹೈಕೋರ್ಟಿಗೆ ಈಗಲೇ ಹೋಗಬೇಕಾ? ದೂರು ಮೇಲೆ ಹೇಳಿದ ಹಾಗೆ ಬರೀ ಬಾಕಿಯ ಗೋಳು ಆಗಿದ್ದರೆ ಈಗಲೇ ಹೋಗಿ. ನಿಮ್ಮ ಊರು ಯಾವ ಪೀಠಕ್ಕೆ ಸೇರುತ್ತದೋ ನೋಡಿ, ಬೆಂಗಳೂರು, ಧಾರವಾಡ ಅಥವಾ ಕಲಬುರಗಿಯಲ್ಲಿ ಕ್ರಿಮಿನಲ್ ಪಿಟಿಷನ್ ಹಾಕಬೇಕು. ಕೊನೆಯ ಲೋಡಿನ ಬಗ್ಗೆ ಅನುಮಾನ ಇದ್ದರೆ ನಾನಾಗಿದ್ದರೆ ಕಾಯುತ್ತಿದ್ದೆ. ತನಿಖೆ ಎಳೆಯದಾಗಿರುವಾಗ ಹೈಕೋರ್ಟ್ ಕೈಹಾಕಲು ಹಿಂಜರಿಯುತ್ತದೆ. ನೀಹಾರಿಕಾ ಇನ್‌ಫ್ರಾಸ್ಟ್ರಕ್ಚರ್ ಪ್ರಕರಣದಲ್ಲಿ 2021ರಲ್ಲಿ ಸುಪ್ರೀಂ ಕೋರ್ಟ್ ಅದನ್ನೇ ಹೇಳಿತು. ‘ಕಠಿಣ ಕ್ರಮ ಬೇಡ’ ಎಂಬ ಮಧ್ಯಂತರ ಆದೇಶವನ್ನು ಕಾರಣ ಕೊಡದೆ ಹೊರಡಿಸಬಾರದು ಎಂದೂ ಹೇಳಿತು. ಒಮ್ಮೆ ಅರ್ಜಿ ವಜಾ ಆದರೆ ಆ ಆದೇಶ ಕೆಳಗಿನ ಕೋರ್ಟಿನಲ್ಲಿ ನಿಮ್ಮ ಬೆನ್ನು ಬಿಡುವುದಿಲ್ಲ. ಚಾರ್ಜ್‌ಶೀಟ್ ಬಂದ ಮೇಲೂ ರದ್ದು ಕೇಳಬಹುದು, 2018ರ ಆನಂದ್ ಕುಮಾರ್ ಮೊಹತ್ತ ತೀರ್ಪಿನಲ್ಲಿ ಅದು ಸ್ಪಷ್ಟ ಇದೆ. ಪೊಲೀಸರು ಸಂಗ್ರಹಿಸಿದ್ದು ಅಷ್ಟೇನಾ ಎಂಬುದು ಆಗ ಕಣ್ಣಮುಂದೆ ಇರುತ್ತದೆ. ತನಿಖಾಧಿಕಾರಿಯೇ ಬಿ ರಿಪೋರ್ಟ್, ಅಂದರೆ ಕೇಸಿನಲ್ಲಿ ಹುರುಳಿಲ್ಲ ಎಂಬ ವರದಿ, ಹಾಕುವ ಸಾಧ್ಯತೆಯೂ ಇಲ್ಲದಿಲ್ಲ. ಇನ್ನು ವಿಚಾರಣಾ ಕೋರ್ಟಿನಲ್ಲೇ ಕೇಸಿನಿಂದ ಕೈಬಿಡಿ ಎಂದು ಕೇಳುವ ಅರ್ಜಿಯೂ ಇದೆ. ಚಾರ್ಜ್‌ಶೀಟಿನ ದಾಖಲೆಗಳು ಕೈಗೆ ಬಂದ 60 ದಿನದೊಳಗೆ ಅದನ್ನು ಹಾಕಬೇಕು ಎಂದು ಹೊಸ ಸಂಹಿತೆ ಹೇಳುತ್ತದೆ. ಈ ಗಡುವು ಹೊಸದು, ಮರೆಯುವವರು ತುಂಬಾ ಜನ.

ಚೆಕ್ಕಿನ ಮಾತು ನೀವು ಕೊನೆಗೆ, ಸಣ್ಣದಾಗಿ ಬರೆದಿದ್ದೀರಿ. ನನಗೆ ಜಾಸ್ತಿ ಚಿಂತೆ ಅದರದ್ದೇ. ಅವರು ಅದನ್ನು ಬ್ಯಾಂಕಿಗೆ ಹಾಕಿ ವಾಪಸ್ ಬಂದರೆ ಮೆಮೊ ಸಿಕ್ಕ 30 ದಿನದೊಳಗೆ ನಿಮಗೆ ನೋಟಿಸ್ ಕೊಡುತ್ತಾರೆ. ನೋಟಿಸ್ ಮುಟ್ಟಿದ 15 ದಿನದೊಳಗೆ ನೀವು ಕಟ್ಟದಿದ್ದರೆ ಚೆಕ್ ಬೌನ್ಸ್ ಕಾನೂನಿನ ಸೆಕ್ಷನ್ 138ರ ದೂರು ಬರುತ್ತದೆ. ಅಲ್ಲಿ ಮೊದಲೇ ಮೋಸದ ಮನಸ್ಸಿತ್ತಾ ಎಂಬ ಪ್ರಶ್ನೆಯೇ ಇಲ್ಲ. ಸಹಿ ನಿಮ್ಮದು ಅಂತಾದರೆ, ಬಾಕಿ ಇತ್ತು ಎಂದು ಕಾನೂನೇ ಊಹಿಸಿಕೊಳ್ಳುತ್ತದೆ, ಇಲ್ಲ ಎಂದು ತೋರಿಸುವ ಹೊಣೆ ನಿಮ್ಮ ಮೇಲೆ ಬೀಳುತ್ತದೆ. ‘ಸಿವಿಲ್ ವಿಷಯ’ ಎಂಬ ವಾದ ಅಲ್ಲಿ ನಡೆಯುವುದಿಲ್ಲ. ವಂಚನೆಯ ಎಫ್‌ಐಆರ್ ರದ್ದಾದ ಮೇಲೂ ಚೆಕ್ ಕೇಸು ತನ್ನ ಪಾಡಿಗೆ ನಡೆಯಬಹುದು. ಆ ನೋಟಿಸ್ ಬಂದರೆ ಒಂದು ದಿನವೂ ತಡಮಾಡಬೇಡಿ.

ರಾಜಿ ಮಾಡಿಕೊಳ್ಳುವುದು ತಪ್ಪಲ್ಲ. ಠಾಣೆಯಲ್ಲಿ ಬೇಡ, ಅಷ್ಟೇ. ವಕೀಲರ ಮೂಲಕ ಕಂತು ಗೊತ್ತುಮಾಡಿ, ಚೆಕ್ ವಾಪಸ್ ಕೊಡುವುದನ್ನೂ ಸೇರಿಸಿ ಬರವಣಿಗೆಯಲ್ಲಿ ಮಾಡಿ. ವ್ಯಾಪಾರದ ಸ್ವರೂಪದ ಪ್ರಕರಣದಲ್ಲಿ ಇಬ್ಬರೂ ಒಪ್ಪಿಬಂದರೆ ಹೈಕೋರ್ಟ್ ಕೇಸು ರದ್ದು ಮಾಡಬಹುದು ಎಂದು 2012ರ ಗ್ಯಾನ್ ಸಿಂಗ್ ತೀರ್ಪು ಹೇಳಿದೆ.

ಯಾವ ದಾರಿಯಲ್ಲಿ ಕೇಸು ಹೋದರೂ 14 ಲಕ್ಷದ ಬಾಕಿ ಹಾಗೇ ಇರುತ್ತದೆ. ರದ್ದಾಗುವುದು ಎಫ್‌ಐಆರ್ ಮಾತ್ರ. ಮಾಲಿನ ಬಾಕಿಗೆ ಮೂರು ವರ್ಷದೊಳಗೆ ದಾವೆ ಹೂಡಬಹುದು. 3 ಲಕ್ಷಕ್ಕಿಂತ ಜಾಸ್ತಿ ಆದ್ದರಿಂದ ಅದು ವಾಣಿಜ್ಯ ನ್ಯಾಯಾಲಯಕ್ಕೆ ಹೋಗುತ್ತದೆ, ತುರ್ತು ಆದೇಶ ಕೇಳದಿದ್ದರೆ ದಾವೆಗೆ ಮುಂಚೆ ಮಧ್ಯಸ್ಥಿಕೆಗೆ ಕೂರಲೇಬೇಕು. ಆ ಮಧ್ಯಸ್ಥಿಕೆ ನಿಮಗೆ ಠಾಣೆಗಿಂತ ಸಾವಿರ ಪಾಲು ಮೇಲು.

ಅವರ ಕಡೆಯಿಂದ ಲಾಯರ್ ನೋಟಿಸ್ ಬಂದರೆ ಉತ್ತರ ಬರೆಸುವಾಗ ಒಂದು ಎಚ್ಚರ ಇರಲಿ. ‘ಮಾಲು ಬಂದೇ ಇಲ್ಲ, ಬಿಲ್ಲುಗಳು ಸುಳ್ಳು’ ಎಂದು ಬರೆಸುವ ಆಸೆ ಆಗುತ್ತದೆ, ಕೆಲವು ವಕೀಲರೂ ಹಾಗೇ ಬರೆದುಬಿಡುತ್ತಾರೆ. ಆರು ವರ್ಷದ ಲೆಡ್ಜರ್ ಎದುರಿಗಿದ್ದಾಗ ಆ ಸುಳ್ಳು ನಿಲ್ಲುವುದಿಲ್ಲ. ‘ನೋಡಿ, ಇವರ ಮನಸ್ಸು ಮೊದಲಿನಿಂದಲೂ ಹೀಗೇ’ ಎನ್ನಲು ಅವರಿಗೊಂದು ಕಾಗದ ಸಿಕ್ಕಂತಾಗುತ್ತದೆ. ಮಾಲು ಬಂದಿದೆ, ಇಷ್ಟು ಕಟ್ಟಿದ್ದೇನೆ, ಇಂಥವರು ನನಗೆ ಕೊಡದ್ದರಿಂದ ಇಷ್ಟು ಬಾಕಿ ಉಳಿದಿದೆ ಎಂದು ಇದ್ದದ್ದನ್ನೇ ಬರೆಸಿ. ಮೂರು ವರ್ಷದ ಅವಧಿ ಮುಗಿಯುವ ಮುಂಚೆ ಹೀಗೆ ಸಹಿ ಮಾಡಿ ಒಪ್ಪಿಕೊಂಡರೆ ಅವರಿಗೆ ಆ ದಿನದಿಂದ ಹೊಸದಾಗಿ ಮೂರು ವರ್ಷ ಸಿಗುತ್ತದೆ, ಅದು ಇದರ ನಷ್ಟ. ಕ್ರಿಮಿನಲ್ ಕೇಸು ತಲೆಯ ಮೇಲೆ ಇರುವಾಗ ಆ ನಷ್ಟ ಒಪ್ಪಬಹುದು ಎಂಬುದು ನನ್ನ ಲೆಕ್ಕ. ಆದರೂ ಉತ್ತರ ಕಳಿಸುವ ಮುಂಚೆ ನಿಮ್ಮ ಸಿವಿಲ್ ವಕೀಲರೂ ಕ್ರಿಮಿನಲ್ ವಕೀಲರೂ ಇಬ್ಬರೂ ಅದೇ ಕರಡನ್ನು ಓದಿರಲಿ.